ಬಂದೂಕಿಲ್ಲದ ಗೂಟ

ಕೃಷ್ಣೆಯ ದಂಡೆಯ ಮೇಲಿರುವ ತಂಗಡಗಿಗೆ ಪರಸ್ಥಳದವರು ಸಾಮಾನ್ಯವಾಗಿ ಎರಡು ಕಾರಣಗಳಿಂದ ಬರುತ್ತಾರೆ. ಬಸವಣ್ಣನವರ ಧರ್ಮಪತ್ನಿ ನೀಲಾಂಬಿಕೆಯವರು ಐಕ್ಯರಾದ ನೆಲೆಯೆಂದು ಭಕ್ತರು ಬಂದು ಹಣೆ ಮಣಿಯುತ್ತಾರೆ. ವಿಜಯನಗರದ ಸಿರಿಯನ್ನು ಮುಳುಗಿಸಿದ ಕಾಳಗದ ಹೆಸರಿನಲ್ಲಿ ಈ ಊರಿನ ಹೆಸರೂ ಬೆರೆತಿದೆಯೆಂದು ಇತಿಹಾಸದ ಗೀಳುಳ್ಳವರು ಬಂದು ಸುತ್ತಲಿನ ಎರೆಹೊಲಗಳನ್ನು ದಿಟ್ಟಿಸಿ ನೋಡುತ್ತಾರೆ. ನಾನು ಎರಡನೆಯ ಗುಂಪಿಗೆ ಸೇರಿದವನಾಗಿ ಅಲ್ಲಿಗೆ ಹೋದೆ. ಹಿಂದಿರುಗುವಾಗ ಮಾತ್ರ ನಾನು ಹುಡುಕಿ ಹೋಗದಿದ್ದ ಮೂರನೆಯದೊಂದು ಕಥೆಯನ್ನು ಹೊತ್ತು ತಂದೆ.

ನಾರಾಯಣಪುರದ ಅಣೆಕಟ್ಟು ಆದಂದಿನಿಂದ ಕೃಷ್ಣೆಯು ಈ ಭಾಗದಲ್ಲಿ ಹರಿಯುವ ನದಿಯಂತಿರದೆ ತುಂಬಿ ನಿಂತ ಕೆರೆಯಂತೆ ತೋರುತ್ತಾಳೆ. ಅದು ಸೀತನಿಯ ದಿನಗಳ ಒಂದು ಸಂಜೆ. ಊರ ಕಟ್ಟೆಯ ಮೇಲೆ ಕುಳಿತಿದ್ದ ವೃದ್ಧರೊಬ್ಬರನ್ನು, "ಮುತ್ಯಾ, ಹಿಂದೆ ರಾಜರ ಯುದ್ಧ ನಡೆದದ್ದು ಯಾವ ದಿಕ್ಕಿನಲ್ಲಿ?" ಎಂದು ಕೇಳಿದೆ. ಅವರು ನಕ್ಕರು. "ರಾಜರ ಯುದ್ಧ ರಾಜರಿಗೇ ಗೊತ್ರಿ ಸಾಹೇಬ್ರ. ನಮ್ಮ ಯುದ್ಧ ನೋಡೂದಿದ್ರ ಮನೀಗಿ ಬರ್ರಿ" ಎಂದು ನನ್ನನ್ನು ಕರೆದುಕೊಂಡು ಹೋದರು.

ಮನೆ ಚಿಕ್ಕದು, ಹೊಸದು. ಪಡಸಾಲೆಯ ಗೋಡೆಯಲ್ಲಿ, ಆಳೆತ್ತರದಲ್ಲಿ, ಕಪ್ಪಗೆ ಮಿರುಗುವ ಎರಡು ಮರದ ಗೂಟಗಳು ಒಂದು ಮೊಳದ ಅಂತರದಲ್ಲಿ ನಾಟಿದ್ದವು. ಅವುಗಳ ಮೇಲೆ ಏನೂ ಇರಲಿಲ್ಲ. "ಗೂಟ ಐತಿ, ಬಂದೂಕ ಇಲ್ಲ. ನಮ್ಮ ಮುತ್ಯಾನ ಮುತ್ಯಾನ ಕಾಲದಾಗ ಸರಕಾರದವರು ಒಯ್ದರಂತ. ಮನಿ ಬಿದ್ದು ಮನಿ ಕಟ್ಟಿದಾಗೆಲ್ಲಾ ಗೂಟ ಕಿತ್ತು ಹೊಸ ಗ್ವಾಡಿಗಿ ಬಡೀತೀವಿ. ಅದರ ಮ್ಯಾಲ ಮತ್ತೇನೂ ಹಾಕೂದಿಲ್ಲ" ಎಂದರು.

ಆ ಮನೆತನದವರು ತಳವಾರರು, ಬೇಡ ಕುಲದವರು. ಆ ಬರಿಯ ಗೂಟಗಳ ಎದುರಿಗೆ ಚಹಾ ಕುಡಿಯುತ್ತ ಕುಳಿತಾಗ, ನಾನು ಈ ಊರಿಗೆ ಹುಡುಕಿಕೊಂಡು ಬಂದ ಯುದ್ಧಕ್ಕಿಂತಲೂ ಆಳವಾಗಿ ಈ ನೆಲವನ್ನು ಬಗೆದ ಯುದ್ಧವೊಂದಿತ್ತೆಂಬುದು ನನಗೆ ಹೊಳೆಯಿತು.

ಎರಡು ಗೆಲವುಗಳು

೧೫೬೫ನೆಯ ಇಸವಿಯ ಜನವರಿ ೨೩ರಂದು ಅಳಿಯ ರಾಮರಾಯನ ದಂಡಿಗೂ ಬಿಜಾಪುರ, ಅಹಮದನಗರ, ಗೋಲಕೊಂಡ, ಬೀದರಗಳ ಸುಲ್ತಾನರ ಕೂಡುದಂಡಿಗೂ ನಡೆದ ಕಾಳಗವನ್ನು ಕೆಲವರು ತಾಳಿಕೋಟೆಯ ಕಾಳಗವೆನ್ನುತ್ತಾರೆ, ಕೆಲವರು ಬನ್ನಿಹಟ್ಟಿಯದೆನ್ನುತ್ತಾರೆ. ರಕ್ಕಸಗಿ, ತಂಗಡಗಿ ಎಂಬ ಎರಡು ಊರುಗಳ ಹೆಸರುಗಳನ್ನು ಕೂಡಿಸಿ ರಕ್ಕಸತಂಗಡಿಯ ಕಾಳಗವೆಂದು ಕರೆಯುವವರೂ ಉಂಟು. ಅಂದು ರಾಮರಾಯನ ತಲೆ ಉರುಳಿತು, ಹಂಪೆ ಹಾಳಾಯಿತು. ಸಾಮ್ರಾಜ್ಯವೊಂದರ ಪಾಲಿಗೆ ಅದಕ್ಕಿಂತ ಘೋರವಾದ ದಿನವಿಲ್ಲ.

ಆದರೆ ಹಳ್ಳಿಯ ಮಾತೇ ಬೇರೆ. ಕಂದಾಯ ಕೊಳ್ಳುವ ಕೈ ಬದಲಾಯಿತೇ ಹೊರತು, ಗೌಡ ಗೌಡನಾಗಿಯೇ ಉಳಿದನು, ಕುಲಕರ್ಣಿ ಕುಲಕರ್ಣಿಯಾಗಿಯೇ ಉಳಿದನು. ತಳವಾರ, ವಾಲೀಕಾರರು ಊರನ್ನು ಕಾಯುತ್ತಲೇ ಇದ್ದರು. ಊರಲ್ಲಿ ಕಳವಾದರೆ ಹೆಜ್ಜೆಯ ಜಾಡು ಹಿಡಿದು ಕಳ್ಳನನ್ನು ಪತ್ತೆಹಚ್ಚುವುದು, ಸುಗ್ಗಿಯ ಕಣಗಳನ್ನು ಕಾಯುವುದು, ಹೊತ್ತುಗೊತ್ತಿಲ್ಲದೆ ದಾರಿ ನಡೆಯುವ ಪಯಣಿಗರನ್ನು ಸೀಮೆ ದಾಟಿಸುವುದು ಅವರ ಕೆಲಸ. ಅದಕ್ಕೆ ಪ್ರತಿಯಾಗಿ ಹೊಲವಿತ್ತು, ಆಯವಿತ್ತು, ಎಲ್ಲಕ್ಕಿಂತ ಮಿಗಿಲಾಗಿ ಊರವರ ನಂಬಿಕೆಯಿತ್ತು.

ಇದೇ ಬೇಡರ ಒಂದು ಮನೆತನ ತಂಗಡಗಿಯ ಮೂಡಣಕ್ಕಿರುವ ಬೆಟ್ಟಸಾಲಿನಲ್ಲಿ ದೊರೆತನವನ್ನೇ ಕಟ್ಟಿಕೊಂಡಿತು. ಬಿಜಾಪುರ, ಗೋಲಕೊಂಡಗಳೆರಡನ್ನೂ ನುಂಗಿದ ಔರಂಗಜೇಬನು ೧೭೦೫ರಲ್ಲಿ ಮುಪ್ಪಿನ ದೇಹವನ್ನು ಹೊತ್ತು ವಾಗಣಗೇರಿಯ ಕೋಟೆಯನ್ನು ಸ್ವತಃ ಮುತ್ತಿದನು. ಅದು ಅವನ ಕೊನೆಯ ಮುತ್ತಿಗೆ. ತಿಂಗಳುಗಟ್ಟಲೆ ಕಾದ ಮೇಲೆ ಕೋಟೆಯೇನೋ ಕೈವಶವಾಯಿತು. ಬೇಡರ ದೊರೆ ಪಿಡ್ಡನಾಯಕ ಮಾತ್ರ ಕೈಗೆ ಸಿಗಲಿಲ್ಲ. ಎರಡು ವರ್ಷಗಳಲ್ಲಿ ಬಾದಶಹ ಮಣ್ಣಾದನು. ನಾಯಕರ ಸುರಪುರ ಬೆಳಗಿತು. ಬಂದೂಕು ಹಿಡಿದ ಬೇಡರ ಗುರಿಗಾರಿಕೆಗೆ ದಖ್ಖನಿನಲ್ಲೆಲ್ಲ ಹೆಸರಿತ್ತು. ಅರಸರು ಬಂದರು, ಹೋದರು. ಗೋಡೆಯ ಗೂಟದ ಮೇಲಿನ ಬಂದೂಕು ಅಲ್ಲಿಯೇ ಇತ್ತು.

ಎರಡನೆಯ ಗೆಲವು ಬಂದದ್ದು ಮೊದಲು ಸದ್ದಿಲ್ಲದೆ. ೧೮೧೮ರಲ್ಲಿ ಪೇಶವೆಯ ಆಳಿಕೆ ಮುರಿದು, ಬಿಜಾಪುರದ ಸೀಮೆ ಸಾತಾರೆಯ ಅರಸನ ಪಾಲಿಗೆ ಬಂದಿತು. ೧೮೪೮ರಲ್ಲಿ ಆ ಗಾದಿಗೆ ಔರಸ ಪುತ್ರನಿಲ್ಲವೆಂಬ ನೆಪದಿಂದ ಡಾಲ್‌ಹೌಸಿಯು ಅದನ್ನು ಕಂಪನಿಯ ರಾಜ್ಯಕ್ಕೆ ಸೇರಿಸಿಕೊಂಡನು. ಇಲ್ಲಿ ರಣರಂಗವಿಲ್ಲ, ರುಂಡ ಉರುಳಲಿಲ್ಲ. ಸಾಹೇಬರು ಬಂದರು, ಸರಪಳಿ ಎಳೆದು ಹೊಲ ಅಳೆದರು, ಪುಸ್ತಕದಲ್ಲಿ ಬರೆದುಕೊಂಡರು. ಕತ್ತಿಗೆ ಗುರಾಣಿಯನ್ನು ಒಡ್ಡಬಹುದು. ಬರೆಯುವ ಕೈಗೆ ಏನನ್ನು ಒಡ್ಡುವುದು?

ಹಲಗಲಿಯ ಬೆಂಕಿ

೧೮೫೭ರಲ್ಲಿ ಉತ್ತರ ಹಿಂದುಸ್ತಾನದ ದಂಡುಗಳಲ್ಲಿ ಬಂಡಾಯ ಹೊತ್ತಿಕೊಂಡಾಗ ಕಂಪನಿ ಸರಕಾರ ನಿಶ್ಶಸ್ತ್ರೀಕರಣದ ಕಾಯಿದೆಯನ್ನು ಹೊರಡಿಸಿತು. ಪ್ರಜೆಗಳು ಆಯುಧಗಳನ್ನು ಸರಕಾರಕ್ಕೆ ಒಪ್ಪಿಸಬೇಕು. ಇಟ್ಟುಕೊಳ್ಳಬೇಕಾದರೆ ಅಪ್ಪಣೆ ಪಡೆಯಬೇಕು. ಕಚೇರಿಯಲ್ಲಿ ಕುಳಿತು ಬರೆದವನಿಗೆ ಇದು ಒಂದು ಹಾಳೆಯ ಮಾತು. ಬೇಡನಿಗೆ ಹಾಗಲ್ಲ. ಅವನ ಬೇಟೆ ಅದರಿಂದ, ಕಾವಲು ಅದರಿಂದ. ಮದುವೆಯ ಮಾತಿಗೆ ಹೋದಾಗ ಅವನ ಮರ್ಯಾದೆಯೂ ಅದರಿಂದಲೇ. ಒಕ್ಕಲಿಗನಿಗೆ ನೇಗಿಲನ್ನು ಠಾಣೆಯಲ್ಲಿ ಒಪ್ಪಿಸೆಂದರೆ ಹೇಗೋ ಇದೂ ಹಾಗೆಯೇ.

ತಂಗಡಗಿಯಿಂದ ಪಡುವಣಕ್ಕೆ, ಘೋರ್ಪಡೆಯವರ ಮುಧೋಳ ಸಂಸ್ಥಾನದಲ್ಲಿದ್ದ ಹಲಗಲಿಯ ಬೇಡರು ಆಯುಧ ಒಪ್ಪಿಸಲು ಒಪ್ಪಲಿಲ್ಲ. ನವೆಂಬರದ ಕೊನೆಯಲ್ಲಿ ಕಂಪನಿಯ ದಂಡು ಆ ಹಳ್ಳಿಯನ್ನು ಮುತ್ತಿ ಬೆಂಕಿಯಿಟ್ಟಿತು. ಸುಮಾರು ನೂರು ಜನ ಸತ್ತರು. ೨೯೦ ಜನ ಸೆರೆಯಾದರು. ಅವರಲ್ಲಿ ೧೯ ಜನರನ್ನು ಗಲ್ಲಿಗೇರಿಸಲಾಯಿತು: ೧೩ ಜನರನ್ನು ಡಿಸೆಂಬರ ೧೧ರಂದು ಮುಧೋಳದಲ್ಲಿ, ಉಳಿದ ಆರು ಜನರನ್ನು ಡಿಸೆಂಬರ ೧೪ರಂದು ಸ್ವತಃ ಹಲಗಲಿಯಲ್ಲಿ, ಅವರವರ ಹೆಂಡಿರು ಮಕ್ಕಳು ನೋಡುವಂತೆ.

ಈ ಅಂಕಿಗಳು ಸರಕಾರಿ ದಫ್ತರದವು. ಜನ ಇಟ್ಟ ಲೆಕ್ಕ ಬೇರೆ. ಹಲಗಲಿಯ ಬೇಡರ ಲಾವಣಿಯನ್ನು ಶಾಲೆಯ ಪಾಠದಲ್ಲಿ ಓದಿದವರು ನಮ್ಮಲ್ಲಿ ಅನೇಕರಿದ್ದಾರೆ. ಜಡಗ, ಬಾಲ, ಹನುಮ, ರಾಮ ಎಂಬ ವೀರರ ಹೆಸರುಗಳು ನಮಗೆ ನೆನಪಿರುತ್ತವೆ. ಆದರೆ ಆ ಲಾವಣಿಯಲ್ಲಿ ನನ್ನನ್ನು ಬಹಳವಾಗಿ ಕಲಕುವುದು ವೀರರ ಹೋರಾಟದ ಭಾಗವಲ್ಲ. ಊರು ಸುಲಿಗೆಯಾದ ಭಾಗ. ದಂಡಿನವರು ಏನೇನು ಹೊತ್ತೊಯ್ದರೆಂದು ಹಾಡುವವನು ಒಂದೊಂದಾಗಿ ಎಣಿಸುತ್ತಾನೆ. ದನಕರುಗಳು, ಕೊಡಲಿ ಕುಡಗೋಲುಗಳು, ಮನೆಯ ಉಪ್ಪು, ಅರಿಷಿಣ, ಜೀರಿಗೆ, ಬೆಲ್ಲ, ಕೊನೆಗೆ ಬೀಸುವ ಕಲ್ಲು ಸಹ ಆ ಪಟ್ಟಿಯಲ್ಲಿವೆ. ಸತ್ತವರನ್ನೂ ಸೆರೆಯಾದವರನ್ನೂ ಎಣಿಸಿದ ಸರಕಾರಕ್ಕೆ ಜೀರಿಗೆಯನ್ನು ಎಣಿಸಬೇಕೆಂದು ತೋಚಿರಲಿಲ್ಲ. ಊರನ್ನು ಕಳೆದುಕೊಂಡವನಿಗೆ ಮಾತ್ರ ಅದು ತೋಚುತ್ತದೆ. ಒಂದು ಜನಾಂಗದ ಸೋಲು ಎಷ್ಟು ಆಳವಾದುದೆಂಬುದನ್ನು ತಿಳಿಯಬೇಕಾದರೆ ಗಲ್ಲಿಗೇರಿದವರ ಸಂಖ್ಯೆಯ ಜೊತೆಗೆ ಬರಿದಾದ ಅಡಿಗೆಮನೆಯ ಲೆಕ್ಕವನ್ನೂ ಕೇಳಬೇಕು.

ಈ ಲಾವಣಿಯನ್ನು ಜನರ ಬಾಯಿಂದ ಬರೆದುಕೊಂಡು ಅಚ್ಚು ಹಾಕಿಸಿದವನು ಮತ್ತಾವನೋ ಅಲ್ಲ. ನಮ್ಮ ಶಾಸನಗಳನ್ನು ಓದಿ ಕನ್ನಡ ನಾಡಿನ ರಾಜವಂಶಗಳ ಚರಿತ್ರೆಯನ್ನು ಬರೆದ ಜೆ. ಎಫ್. ಫ್ಲೀಟ್. ಕಂಪನಿಯ ತರುವಾಯದ ಅದೇ ಆಂಗ್ಲ ಸರಕಾರದ ಅಧಿಕಾರಿ ಅವನು. ಸಂಗೊಳ್ಳಿ ರಾಯಣ್ಣನ ಲಾವಣಿಯನ್ನೂ ಹಲಗಲಿಯ ಲಾವಣಿಯನ್ನೂ ಅವನು ೧೮೮೫ರಿಂದೀಚೆಗೆ 'ಇಂಡಿಯನ್ ಆಂಟಿಕ್ವರಿ' ಪತ್ರಿಕೆಯಲ್ಲಿ ಪ್ರಕಟಿಸಿದನು. ಊರು ಸುಟ್ಟ ಸರಕಾರದ ಕೈಯೇ ಊರು ಸುಟ್ಟ ಹಾಡನ್ನೂ ಬರೆದಿಟ್ಟಿತು. ಇದನ್ನು ಉಪಕಾರವೆನ್ನಬೇಕೋ, ವಿಡಂಬನೆಯೆನ್ನಬೇಕೋ? ಎರಡೂ ಅಹುದು. ನಮ್ಮ ಸೋಲಿನ ಕಥೆಯನ್ನು ತಿಳಿಯಲು ಗೆದ್ದವನ ಕಪಾಟಿನ ಬೀಗವನ್ನು ತೆಗೆಯಬೇಕಾಗಿ ಬಂದಿರುವುದು ಸೋಲಿನದೇ ಇನ್ನೊಂದು ಮುಖ.

ಅಪ್ಪನೆನಿಸಿಕೊಂಡ ಸಾಹೇಬ

ಹಲಗಲಿಯ ಬೂದಿ ಆರುವ ಮೊದಲೇ ಮೂಡಣ ದಿಕ್ಕಿನಲ್ಲಿ ಸುರಪುರದ ಸರದಿ ಬಂದಿತು. ಆ ಕಥೆಯನ್ನು ಹೇಳುವಾಗ ಫಿಲಿಪ್ ಮೆಡೋಸ್ ಟೇಲರನನ್ನು ಬಿಟ್ಟು ಹೇಳುವಂತಿಲ್ಲ.

ಟೇಲರನು ೧೮೦೮ರಲ್ಲಿ ಲಿವರಪೂಲಿನಲ್ಲಿ ಹುಟ್ಟಿದವನು. ಮೀಸೆ ಮೂಡುವ ಮೊದಲೇ ಹಿಂದುಸ್ತಾನಕ್ಕೆ ಬಂದು ನಿಜಾಮನ ದಂಡಿನ ಚಾಕರಿಗೆ ಸೇರಿದನು. ಸುರಪುರದ ದೊರೆ ಕೃಷ್ಣಪ್ಪನಾಯಕ ತೀರಿಕೊಂಡು, ಅವನ ಮಗ ವೆಂಕಟಪ್ಪನಾಯಕ ಇನ್ನೂ ಬಾಲಕನಾಗಿದ್ದಾಗ, ಸಂಸ್ಥಾನದ ಆಡಳಿತವನ್ನು ನೋಡಿಕೊಳ್ಳಲು ಟೇಲರನನ್ನು ಕಳಿಸಲಾಯಿತು. ೧೮೫೩ರ ವರೆಗೆ, ಹನ್ನೊಂದು ಹನ್ನೆರಡು ವರ್ಷ, ಅವನು ಅಲ್ಲಿದ್ದನು. ಅವನು ವಾಸಿಸಿದ ಬಂಗಲೆ ಇಂದಿಗೂ 'ಟೇಲರ್ ಮಂಜಿಲ್' ಎಂದು ಸುರಪುರದ ಗುಡ್ಡದ ಮೇಲಿದೆ. ಬಾಲಕ ನಾಯಕನು ಅವನನ್ನು 'ಅಪ್ಪಾ' ಎಂದು ಕರೆಯುತ್ತಿದ್ದನು. ಟೇಲರನ ಆತ್ಮಕಥೆಯನ್ನು ಓದಿದವರಿಗೆ ಆ ಪ್ರೀತಿ ನಟನೆಯದಲ್ಲವೆಂಬುದು ತಿಳಿಯುತ್ತದೆ.

ಅವನು ಬರಿಯ ಆಡಳಿತಗಾರನಲ್ಲ, ಅನ್ವೇಷಕ. ಸುರಪುರದ ಸೀಮೆಯ ರಾಜನ ಕೋಳೂರು, ಜೇವರಗಿ ಮೊದಲಾದೆಡೆ ಹಾಸುಬಂಡೆಗಳ ಪ್ರಾಚೀನ ಸಮಾಧಿಗಳನ್ನು ಕಂಡು, ಅಗೆದು, ಅಳೆದು, ಚಿತ್ರ ಬರೆದು, ವಿದ್ವತ್ಪತ್ರಿಕೆಗಳಲ್ಲಿ ಪ್ರಕಟಿಸಿದವರಲ್ಲಿ ಮೊದಲಿಗನು. ಇಂತಹ ಸಮಾಧಿಗಳಲ್ಲಿ ಸತ್ತವನ ಎಲುಬಿನೊಡನೆ ಮಡಕೆಗಳನ್ನೂ ಕಬ್ಬಿಣದ ಆಯುಧಗಳನ್ನೂ ಇಟ್ಟಿರುವುದು ದಖ್ಖನಿನಲ್ಲೆಲ್ಲ ಕಂಡುಬರುವ ಸಂಗತಿ. ಎರಡು ಸಾವಿರ ವರ್ಷಗಳಿಗೂ ಹಿಂದೆ ಈ ನೆಲದ ಜನ ಸತ್ತವನ ಕೈಯಿಂದಲೂ ಆಯುಧವನ್ನು ಕಿತ್ತುಕೊಳ್ಳಲಿಲ್ಲ. ೧೮೫೭ರ ಸರಕಾರ ಬದುಕಿದ್ದವನ ಕೈಯಿಂದ ಕಿತ್ತುಕೊಂಡಿತು.

ಟೇಲರನು ಸುರಪುರವನ್ನು ಬಿಟ್ಟ ಐದು ವರ್ಷಗಳೊಳಗೆ ಯುವಕ ನಾಯಕನು ಕಂಪನಿಗೆ ಎದುರಾಗಿ ನಿಂತನು. ೧೮೫೮ರ ಫೆಬ್ರವರಿ ೮ರಂದು ನಡೆದ ಕಾಳಗದಲ್ಲಿ ಆಂಗ್ಲ ದಂಡಿನ ಕ್ಯಾಪ್ಟನ್ ನ್ಯೂಬೆರಿ ಮಡಿದನು. ಆದರೆ ಸುತ್ತಲೂ ದಂಡುಗಳು ಬಂದು ಸೇರುತ್ತಿದ್ದವು. ನಾಯಕನು ರಾತ್ರಿ ಹೊರಟು ಹೈದರಾಬಾದಿಗೆ ಹೋದನು; ಅಲ್ಲಿ ಸೆರೆಸಿಕ್ಕನು. ಸೆರೆಯಲ್ಲಿ ಅವನನ್ನು ಕಾಣಲು ಹೋದವನು ಅದೇ 'ಅಪ್ಪ'. ಟೇಲರನು ಬರೆದಿರುವಂತೆ, ಜೊತೆಗಾರರ ಹೆಸರುಗಳನ್ನು ಹೇಳಲು ನಾಯಕನು ಒಪ್ಪಲಿಲ್ಲ. ಕಳ್ಳನಂತೆ ತನ್ನನ್ನು ನೇಣಿಗೆ ಹಾಕಬಾರದು, ಬೇಕಾದರೆ ತೋಪಿನ ಬಾಯಿಗೆ ಕಟ್ಟಿ ಹಾರಿಸಲಿ ಎಂಬುದೊಂದೇ ಅವನ ಬೇಡಿಕೆಯಾಗಿತ್ತು.

'ಕಳ್ಳನಂತೆ' ಎಂಬ ಆ ಒಂದು ಮಾತನ್ನು ವಾಚಕರು ಗಮನದಲ್ಲಿಡಬೇಕು. ಸಾವಿಗೆ ಅವನು ಅಂಜಲಿಲ್ಲ, ಹೆಸರಿಗೆ ಅಂಜಿದನು. ಮರಣದಂಡನೆ ಕಡಿಮೆಯಾಗಿ, ಕೊನೆಗೆ ನಾಲ್ಕು ವರ್ಷಗಳ ಸೆರೆಯೆಂದು ತೀರ್ಮಾನವಾಗಿ, ಮದರಾಸಿನ ಬಳಿಯ ಚೆಂಗಲಪಟ್ಟಿಗೆ ಒಯ್ಯುವಾಗ ಕಾವಲಿನ ಅಧಿಕಾರಿಯ ಪಿಸ್ತೂಲಿನ ಗುಂಡಿನಿಂದ ಅವನು ಸತ್ತನು. ತಾನೇ ಹಾರಿಸಿಕೊಂಡನೆಂದು ಟೇಲರನು ಬರೆದಿದ್ದಾನೆ. ೧೮೬೦ರ ಒಪ್ಪಂದದಲ್ಲಿ ಆಂಗ್ಲರು ಸುರಪುರವನ್ನು ನಿಜಾಮನಿಗೆ ಬಹುಮಾನವಾಗಿ ಕೊಟ್ಟುಬಿಟ್ಟರು. ಔರಂಗಜೇಬನ ತೋಪುಗಳಿಗೆ ಅಳಿಯದ ದೊರೆತನ ಒಂದು ಕರಾರುಪತ್ರದಲ್ಲಿ ಕೈ ಬದಲಾಯಿಸಿತು.

ಟೇಲರನನ್ನು ಖಳನಾಯಕನೆಂದು ಚಿತ್ರಿಸುವುದು ಸುಲಭ. ಆದರೆ ಅದು ನ್ಯಾಯವಲ್ಲ. ಅವನು ಈ ಜನರನ್ನು ಮನಸಾರೆ ಪ್ರೀತಿಸಿದನು. ಆದರೂ ಅವನ ಪ್ರೀತಿ ಅವರನ್ನು ಉಳಿಸಲಿಲ್ಲ. ಮನುಷ್ಯನು ಒಳ್ಳೆಯವನಾಗಿದ್ದರೂ ಅವನನ್ನು ಕಳಿಸಿದ ಯಂತ್ರವು ತನ್ನ ಕೆಲಸವನ್ನು ಮಾಡಿಯೇ ಮಾಡುತ್ತದೆ. ಅಷ್ಟೇ ಅಲ್ಲ, ಅವನಿಗೆ ಕೀರ್ತಿ ತಂದ ೧೮೩೯ರ ಠಗ್ಗರ ಕಾದಂಬರಿಯು, ಹಿಂದುಸ್ತಾನದಲ್ಲಿ ಹುಟ್ಟಿನಿಂದಲೇ ಅಪರಾಧಿಗಳಾದ ಕುಲಗಳಿವೆಯೆಂಬ ನಂಬಿಕೆ ಆಂಗ್ಲ ಓದುಗರಲ್ಲಿ ಬೇರೂರಲು ನೆರವಾಯಿತು. ಆ ನಂಬಿಕೆಯ ಫಲ ಮುಂದೆ ಬರಲಿತ್ತು.

ಪುಸ್ತಕದಲ್ಲಿ ಬರೆದ ಹೆಸರು

೧೮೭೧ರಲ್ಲಿ 'ಕ್ರಿಮಿನಲ್ ಟ್ರೈಬ್ಸ್' ಕಾಯಿದೆ, ಎಂದರೆ ಅಪರಾಧಿ ಬುಡಕಟ್ಟುಗಳ ಕಾಯಿದೆ, ಉತ್ತರ ಹಿಂದುಸ್ತಾನದಲ್ಲಿ ಹುಟ್ಟಿತು. ೧೮೭೮ರ ಶಸ್ತ್ರಾಸ್ತ್ರ ಕಾಯಿದೆಯು ದೇಶೀಯನು ಆಯುಧ ಹಿಡಿಯಲು ಪರವಾನಗಿ ಬೇಕೆಂದಿತು. ಐರೋಪ್ಯನಿಗೆ ಆ ಕಟ್ಟಳೆಯಿಲ್ಲ. ೧೯೧೧ರಲ್ಲಿ ತಿದ್ದುಪಡಿಯಾದ ಅಪರಾಧಿ ಬುಡಕಟ್ಟುಗಳ ಕಾಯಿದೆ ಮುಂಬಯಿ ಇಲಾಖೆಗೂ ಬಂದಿತು. ಬಿಜಾಪುರ, ಹುಬ್ಬಳ್ಳಿ, ಗದಗಗಳಲ್ಲಿ 'ಸೆಟ್ಲಮೆಂಟು'ಗಳು ಎದ್ದವು. ಹುಬ್ಬಳ್ಳಿ, ಗದಗಗಳಲ್ಲಿ ಆ ಹೆಸರಿನ ಓಣಿಗಳು ಇಂದಿಗೂ ಇವೆ. ಕೊರವರು, ಹರಣಶಿಕಾರಿಗಳು, ಗಂಟಿಚೋರರೆಂದು ಕರೆಯಲ್ಪಟ್ಟವರು, ದಂಡುಗಳಿಗೆ ಛಪ್ಪರ ಕಟ್ಟಿಕೊಡುತ್ತಿದ್ದುದರಿಂದ ಛಪ್ಪರಬಂದರೆನಿಸಿಕೊಂಡ ಬಿಜಾಪುರ ಸೀಮೆಯವರು, ಹೀಗೆ ಕುಲಕ್ಕೆ ಕುಲವೇ ಪೊಲೀಸರ ಪುಸ್ತಕವನ್ನು ಸೇರಿತು. ಬೇಡರ ಮೇಲೆಯೂ ಆ ಕಳಂಕದ ಶಾಯಿ ಚೆಲ್ಲಿತು. ಹೊತ್ತಿಗೆ ಸರಿಯಾಗಿ ಹಾಜರಿ ಕೊಡಬೇಕು, ಊರು ಬಿಡಬೇಕಾದರೆ ಚೀಟಿ ಪಡೆಯಬೇಕು, ಬೆರಳಚ್ಚು ಕೊಡಬೇಕು. ಅಪರಾಧ ಮಾಡಿದ್ದಕ್ಕಾಗಿ ಅಲ್ಲ, ಇಂತಹ ಹೊಟ್ಟೆಯಲ್ಲಿ ಹುಟ್ಟಿದ್ದಕ್ಕಾಗಿ.

ಇಲ್ಲಿಯೇ ಎರಡನೆಯ ಗೆಲವಿನ ನಿಜವಾದ ರೂಪ ಕಾಣುವುದು. ಕಳ್ಳನ ಹೆಜ್ಜೆಯ ಜಾಡನ್ನು ಹಿಡಿಯುತ್ತಿದ್ದವನ ಕೈಯಿಂದ ಮೊದಲು ಆಯುಧ ಹೋಯಿತು. ಆಯುಧದೊಡನೆ ಬೇಟೆಯೂ, ಹೊಸ ಪೊಲೀಸು ಬಂದ ಮೇಲೆ ಕಾವಲೂ ಹೋದವು. ಹೊಟ್ಟೆಗಿಲ್ಲದಾದಾಗ ಕೆಲವರು ತಪ್ಪುದಾರಿ ಹಿಡಿದದ್ದು ಸುಳ್ಳಲ್ಲ. ಆಗ ಸರಕಾರ, 'ಇವರು ಮೂಲತಃ ಇಂಥವರೇ' ಎಂದು ಬರೆದುಕೊಂಡಿತು. ಕಾವಲುಗಾರನೇ ಕಳ್ಳನಾದನು, ಅದೂ ಕಾಗದದ ಮೇಲೆ, ಮಕ್ಕಳು ಮೊಮ್ಮಕ್ಕಳ ವರೆಗೆ. ವೆಂಕಟಪ್ಪನಾಯಕ ಸೆರೆಮನೆಯಲ್ಲಿ ಯಾವ ಹೆಸರಿಗೆ ಅಂಜಿದನೋ ಅದೇ ಹೆಸರು ಅವನ ಜನಕ್ಕೆ ಅಂಟಿತು.

ಜಗತ್ತಿನ ಬೇರೆಡೆಗಳಲ್ಲಿಯೂ ಗೆದ್ದವರು ಮೂಲನಿವಾಸಿಗಳನ್ನು ಲೇಖನಿಯಿಂದಲೇ ಸೋಲಿಸಿದ್ದಾರೆ. ೧೭೮೮ರಲ್ಲಿ ಆಸ್ಟ್ರೇಲಿಯಾದಲ್ಲಿ ಬೀಡುಬಿಟ್ಟ ಆಂಗ್ಲರು, ಅಲ್ಲಿ ಸಹಸ್ರಾರು ವರ್ಷಗಳಿಂದ ಬಾಳಿದ್ದ ಜನರಿರುವಾಗಲೇ, ಅದನ್ನು ಒಡೆಯರಿಲ್ಲದ ನೆಲವೆಂದು ಬಗೆದರು. ಆ ದೇಶದ ಅತ್ಯುಚ್ಚ ನ್ಯಾಯಾಲಯ ಮಾಬೊ ಎಂಬವರ ಮೊಕದ್ದಮೆಯಲ್ಲಿ ಆ ಕಟ್ಟುಕಥೆಯನ್ನು ತಳ್ಳಿಹಾಕಲು ೧೯೯೨ರ ವರೆಗೆ ಕಾಯಬೇಕಾಯಿತು. ಅಲ್ಲಿ ಇರುವವರನ್ನು ಇಲ್ಲವೆಂದು ಬರೆದರು. ಇಲ್ಲಿ ಇರುವವರನ್ನು ಬೇರೆಯವರನ್ನಾಗಿ ಬರೆದರು.

ಸ್ವಾತಂತ್ರ್ಯ ಬಂದ ಮೇಲೆ, ೧೯೫೨ರ ಆಗಸ್ಟ್ ೩೧ರಂದು, ಅಪರಾಧಿ ಬುಡಕಟ್ಟುಗಳ ಕಾಯಿದೆ ದೇಶದಲ್ಲೆಲ್ಲ ರದ್ದಾಯಿತು. ಆದರೆ ಹೆಸರುಗಳ ತೊಡಕು ತೀರಲಿಲ್ಲ. ಕರ್ನಾಟಕದ ಬೇಡರು ೧೯೯೧ರಲ್ಲಿ ನಾಯಕ, ವಾಲ್ಮೀಕಿಗಳೊಡನೆ ಪರಿಶಿಷ್ಟ ಪಂಗಡಗಳ ಪಟ್ಟಿಯಲ್ಲಿ ಸೇರಿದರು. ೨೦೨೦ರಲ್ಲಿ ತಳವಾರರೆಂಬ ಹೆಸರೂ ಅದರಲ್ಲಿ ಕೂಡಿತು. ಇಂಡಿಯನ್ನು ಬಿಟ್ಟು ಭೀಮೆಯನ್ನು ದಾಟಿ ಮಹಾರಾಷ್ಟ್ರಕ್ಕೆ ಹೋದರೆ ಇದೇ ಬೇಡರು 'ಬೇರಡ' ಎಂಬ ಹೆಸರಿನಿಂದ 'ವಿಮುಕ್ತ ಜಾತಿ'ಗಳ ಪಟ್ಟಿಯಲ್ಲಿದ್ದಾರೆ. ವಿಮುಕ್ತರೆಂದರೆ ಬಿಡುಗಡೆ ಹೊಂದಿದವರು. ಯಾವುದರಿಂದ ಬಿಡುಗಡೆ? ಮಾಡದ ತಪ್ಪಿನಿಂದ. ಬಿಡುಗಡೆಯ ಹೆಸರೇ ಸೆರೆಯ ನೆನಪನ್ನು ಹೊತ್ತು ತಿರುಗುತ್ತಿದೆ.

ತಂಗಡಗಿಯ ಆ ಮನೆಯಲ್ಲಿ ಹೊತ್ತು ಮುಳುಗಿತ್ತು. ಹೊರಡಲೆಂದು ಎದ್ದಾಗ, ಪಟ್ಟಣದಲ್ಲಿ ಓದುತ್ತಿರುವ ಮೊಮ್ಮಗನ ಜಾತಿಪ್ರಮಾಣಪತ್ರವನ್ನು ಮುತ್ಯಾ ನನಗೆ ಅಭಿಮಾನದಿಂದ ತೋರಿಸಿದರು. ಅದನ್ನು ಪ್ಲಾಸ್ಟಿಕ್ ಚೀಲದಲ್ಲಿಟ್ಟು, ಗೂಟಗಳ ಪಕ್ಕದಲ್ಲಿ ಬೇರೆಯದೇ ಒಂದು ಮೊಳೆ ಹೊಡೆದು ತೂಗುಹಾಕಿದ್ದರು. ಈ ಕಾಗದವೇ ಇಂದು ಹುಡುಗನ ಶಾಲೆ, ಇದೇ ಅವನ ನೌಕರಿ. ಒಂದು ಕಾಲಕ್ಕೆ ಬಂದೂಕು ಕಾಯ್ದಂತೆ ಇಂದು ಇದು ಆ ಮನೆಯನ್ನು ಕಾಯಬೇಕು. "ಇದನ್ನ ಆ ಗೂಟಕ್ಕ ಯಾಕ ಹಾಕಿಲ್ಲ ಮುತ್ಯಾ?" ಎಂದು ಕೇಳಿದೆ.

ಅವರು ಗೂಟದ ಮೇಲಿನ ಧೂಳನ್ನು ಧೋತರದ ಚುಂಗಿನಿಂದ ಒರೆಸಿದರು. "ಇದು ಸರಕಾರದವರು ಕೊಟ್ಟದ್ದರಿ. ಅದು ಸರಕಾರದವರು ಒಯ್ದದ್ದು. ಒಂದಕ್ಕೊಂದು ಬದಲಾಗೂದಿಲ್ಲ" ಎಂದರು.

ಹೊರಗೆ ಬಂದಾಗ ಹಿನ್ನೀರಿನ ಮೇಲೆ ಕತ್ತಲೆ ಇಳಿದಿತ್ತು. ರಾಮರಾಯನು ಬಿದ್ದ ಜಾಗ ಯಾವುದೆಂಬುದನ್ನು ಯಾರನ್ನೂ ಮತ್ತೆ ಕೇಳದೆ ಮುದ್ದೇಬಿಹಾಳದ ದಾರಿಯನ್ನು ಹಿಡಿದೆ.